ಪಡಸಾಲೆಯ ಹಗ್ಗ

ಬಟ್ಟೆ ಒಣಗಿದೆಯೋ ಇಲ್ಲವೋ ಎಂದು ನೋಡಲು ನಮ್ಮ ಭಾವನವರು ಅದನ್ನು ಕೈಯಿಂದ ಮುಟ್ಟುತ್ತಿರಲಿಲ್ಲ. ಹಗ್ಗದ ಮೇಲಿನ ಬಟ್ಟೆಯ ಅಂಚನ್ನು ಎತ್ತಿ ಮೇಲ್ದುಟಿಗೆ ಒತ್ತಿಕೊಂಡು, ಕಣ್ಣು ಮುಚ್ಚಿ ಒಂದು ಗಳಿಗೆ ನಿಲ್ಲುತ್ತಿದ್ದರು. ಹೊಸಬರು ನೋಡಿದರೆ ಏನೋ ಹರಕೆ ಇರಬೇಕು ಅಂದುಕೊಳ್ಳುತ್ತಿದ್ದರು. ಲಾರಿ ಓಡಿಸುತ್ತಿದ್ದ ಕಾಲದಲ್ಲಿ ಒಮ್ಮೆ ಕುದಿಯುತ್ತಿದ್ದ ರೇಡಿಯೇಟರಿನ ಮುಚ್ಚಳ ತಿರುವಿ ಎರಡೂ ಕೈ ಸುಟ್ಟುಕೊಂಡಿದ್ದರು. ಗಾಯ ವಾಸಿಯಾಗಿತ್ತು. ಆದರೆ ಬೆರಳ ತುದಿಗಳಿಗೆ ಹಸಿ ಯಾವುದು, ಒಣಗಿದ್ದು ಯಾವುದು ಎಂದು ತಿಳಿಯುತ್ತಿರಲಿಲ್ಲ. ಆ ಕೆಲಸವನ್ನು ತುಟಿಗೆ ವಹಿಸಿದ್ದರು. "ಇನ್ನಾ ಹಸಿ ಐತಿ" ಎಂದೋ, "ಇದು ಆತು" ಎಂದೋ ತಮಗೆ ತಾವೇ ಹೇಳಿಕೊಂಡು ಮುಂದಿನ ಬಟ್ಟೆಗೆ ಹೋಗುತ್ತಿದ್ದರು.

ಅವರು ನನ್ನ ಗಂಡನ ಅಣ್ಣ. ನಾನು ಮದುವೆಯಾಗಿ ಕೂಡ್ಲಿಗಿಗೆ ಬಂದ ಹೊಸದರಲ್ಲಿ ಅವರು ಮನೆಯಲ್ಲಿ ಕಾಣುತ್ತಿದ್ದುದೇ ಅಪರೂಪ. ಸಂಡೂರಿನ ಕಡೆಯಿಂದ ಅದಿರು ತುಂಬಿಕೊಂಡು ಬಂದರಿಗೆ ಹೊರಟರೆ ಯಾವಾಗ ಬರುತ್ತಾರೆಂದು ಹೇಳುವಂತಿರಲಿಲ್ಲ. ಬಂದ ದಿನ ಲಾರಿಯನ್ನು ಹೆದ್ದಾರಿಯ ಪಕ್ಕ ನಿಲ್ಲಿಸಿ, ಹುಬ್ಬಿನವರೆಗೂ ಕೆಂಪು ಧೂಳು ಹೊತ್ತುಕೊಂಡು, ಹಿತ್ತಲ ಬಾಗಿಲಿಂದ ನೇರ ಬಚ್ಚಲಿಗೆ ಹೋಗುತ್ತಿದ್ದರು. ಮೈ ತೊಳೆದ ಮೇಲೆಯೇ ತಾಯಿಯ ಮುಂದೆ ಬಂದು ಕೂಡುವುದು. ಮದುವೆ ಮಾಡಿಕೊಳ್ಳಲಿಲ್ಲ. ಯಾಕೆಂದು ನಾನು ಅತ್ತೆಯನ್ನು ಕೇಳಿದರೆ, "ಲಾರಿ ಇಳದು ಮಂಟಪಕ್ಕ ಬರಾಕ ಅಂವಗ ಪುರಸೊತ್ತು ಎಲ್ಲಿತ್ತು?" ಎಂದು ಮಾತು ಹಾರಿಸುತ್ತಿದ್ದರು. ಕೊನೆಗೆ ಸೊಂಟದ ನೋವು, ಸಕ್ಕರೆ ಕಾಯಿಲೆ ಎರಡೂ ಸೇರಿ ಅವರನ್ನು ಲಾರಿಯಿಂದ ಇಳಿಸಿದವು. ಒಂದು ತಗಡಿನ ಟ್ರಂಕು, ಲಾರಿಯ ಮಾಲಿನ ಮೇಲೆ ತಾಡಪಾಲು ಬಿಗಿಯುವ ಹಗ್ಗದ ಒಂದು ದೊಡ್ಡ ಸುರುಳಿ, ಇಷ್ಟನ್ನು ತಂದು ಬಾಗಿಲ ಪಕ್ಕದ ಸಣ್ಣ ಕೋಣೆಯಲ್ಲಿ ಇಟ್ಟುಕೊಂಡರು.

ನಮ್ಮ ಮನೆಯಲ್ಲಿ ಭಾವ ಮತ್ತು ತಮ್ಮನ ಹೆಂಡತಿ ಎದುರುಬದುರು ನಿಂತು ಮಾತಾಡುವ ರೂಢಿ ಇರಲಿಲ್ಲ. ಅವರು ಒಳಗೆ ಬರುವ ಮೊದಲು ಕೆಮ್ಮುತ್ತಿದ್ದರು. ನಾನು ಸೆರಗು ಸರಿಮಾಡಿಕೊಂಡು ಅಡಿಗೆ ಮನೆಗೆ ಸರಿಯುತ್ತಿದ್ದೆ. ನನಗೆ ಹೇಳಬೇಕಾದ್ದನ್ನು ಅವರು ತಾಯಿಗೆ ಹೇಳುತ್ತಿದ್ದರು. "ಅವ್ವಾ, ಚಾಕ ಸಕ್ರಿ ಹಾಕಬ್ಯಾಡ ಅಂತ ಹೇಳು." ನಾನು ಕೂಗಳತೆಯಲ್ಲೇ ಇರುತ್ತಿದ್ದೆ. ಅತ್ತೆ ಮತ್ತೆ ಅದನ್ನೇ ನನಗೆ ಹೇಳುತ್ತಿದ್ದರು. ಹೀಗೆ ಒಂದೇ ಸೂರಿನ ಕೆಳಗೆ ಅಷ್ಟು ವರ್ಷ ಇದ್ದರೂ ನಮ್ಮ ನಡುವೆ ನೇರವಾಗಿ ಒಂದು ಮಾತೂ ನಡೆದಿರಲಿಲ್ಲ.

ಹೀಗೆ ಮಾತು ದಾಟಿಸುತ್ತಿದ್ದ ಅತ್ತೆಗೆ ಒಂದು ಬೆಳಿಗ್ಗೆ ಲಕ್ವ ಹೊಡೆಯಿತು. ಬಲಗೈ, ಬಲಗಾಲು ಬಿದ್ದುಹೋದವು. ಮಾತು ತೊದಲಿತು. ದವಾಖಾನೆಯಿಂದ ಮನೆಗೆ ಕರೆದುಕೊಂಡು ಬಂದಾಗ ಡಾಕ್ಟರು ಒಂದೇ ಮಾತು ಒತ್ತಿ ಹೇಳಿದ್ದರು: ಮೈ ಹಸಿಯಾಗಿರಬಾರದು, ಹಾಸಿಗೆ ಹಸಿಯಾಗಿರಬಾರದು, ಬೆನ್ನಿಗೆ ಹುಣ್ಣಾದರೆ ಮಾಯುವುದು ಕಷ್ಟ. ಡೈಪರ್ ಹಾಕಿ ನೋಡಿದೆವು. ತೊಡೆಯ ಸಂದಿಯಲ್ಲಿ ಗುಳ್ಳೆ ಎದ್ದು, ಅತ್ತೆ ಎಡಗೈಯಿಂದ ಡೈಪರನ್ನೇ ಕಿತ್ತು ಕಿತ್ತು ಎಸೆದರು. ಕೊನೆಗೆ ಹಳೆಯ ನೂಲಿನ ಸೀರೆಗಳನ್ನೆಲ್ಲ ಹರಿದು ಬಟ್ಟೆ ಮಾಡಿಕೊಂಡೆವು. ದಿನಕ್ಕೆ ಬಕೆಟ್ಟುಗಟ್ಟಲೆ ಬಟ್ಟೆ. ಮೇಲಿಂದ ಹೊದೆಯುವ ದುಪ್ಪಡಿ, ಹಾಸುವ ಚಾದರ, ಅವರ ಲಂಗ, ನಮ್ಮೆಲ್ಲರ ಬಟ್ಟೆ.

ನಾನು ಕೊಟ್ಟೂರು ರಸ್ತೆಯ ಒಂದು ಹಳ್ಳಿಯಲ್ಲಿ ಖಾಸಗಿ ಹೈಸ್ಕೂಲಿನಲ್ಲಿ ಗಣಿತ ಹೇಳುತ್ತಿದ್ದೆ. ನನ್ನ ಗಂಡನಿಗೆ ಹಗರಿಬೊಮ್ಮನಹಳ್ಳಿಯ ಕಡೆ ಕರೆಂಟಿನ ಸಬ್‌ಸ್ಟೇಷನ್ನಿನಲ್ಲಿ ಪಾಳಿಯ ಕೆಲಸ. ಮಗಳು ಹಡಗಲಿಯಲ್ಲಿ ಹಾಸ್ಟೆಲ್ಲಿನಲ್ಲಿದ್ದು ಓದುತ್ತಿದ್ದಳು. ಮನೆಗೆಲಸಕ್ಕೆ ಒಬ್ಬಾಕೆಯನ್ನು ಗೊತ್ತುಮಾಡಿದೆವು. ಆಕೆ ಮೊದಲನೆಯ ದಿನವೇ ಬಾಗಿಲಲ್ಲಿ ನಿಂತು, "ಕಸ ಹೊಡೀತೀನ್ರಿ, ಮುಸುರಿ ತಿಕ್ಕತೀನ್ರಿ ಅಕ್ಕಾರ. ಆ ಬಟ್ಟಿ ಮಾತ್ರ ನನ್ನ ಕೈಲಿ ಆಗಂಗಿಲ್ಲ" ಅಂದಳು. ಅದರಲ್ಲಿ ಅವಳದೇನೂ ತಪ್ಪಿಲ್ಲ. ನಾನೇ ನಸುಕಿನಲ್ಲಿ ಎದ್ದು ಒಗೆದು, ಹಾಕಿ, ಬಸ್ಸು ಹಿಡಿಯುತ್ತಿದ್ದೆ. ಸಂಜೆ ಬಂದು ನೋಡಿದರೆ ಅರ್ಧ ಬಟ್ಟೆ ಒಣಗಿರುತ್ತಿತ್ತು, ಅರ್ಧ ಮುಗ್ಗುಲು ನಾರುತ್ತಿತ್ತು.

ನಮ್ಮೂರ ಬಿಸಿಲಿನಲ್ಲಿ ಬಟ್ಟೆ ಒಣಗುವುದಿಲ್ಲವೇ ಎಂದು ಕೇಳಬಹುದು. ಬಿಸಿಲಿಗೇನೂ ಬರವಿಲ್ಲ. ಬಟ್ಟೆ ಹಾಕಲು ಜಾಗವಿರಲಿಲ್ಲ, ಅಷ್ಟೆ. ಮನೆಯ ಮುಂದೆ ರಸ್ತೆ. ಅದಿರಿನ ಲಾರಿಗಳು ಹಾದುಹೋದರೆ ಬಿಳಿಯ ಚಾದರ ಕಾವಿಬಟ್ಟೆಯಾಗುತ್ತಿತ್ತು. ಹುಣ್ಣಾಗಬಹುದಾದ ಮೈಗೆ ಆ ಧೂಳಿನ ಬಟ್ಟೆ ಹಾಸುವಂತಿಲ್ಲ. ನಮ್ಮದು ಹಳೆಯ ಮಣ್ಣಿನ ಮಾಳಿಗೆ ಮನೆ. ಮೇಲೆ ಹತ್ತಿ ಓಡಾಡಿದರೆ ಒಳಗೆ ಮಣ್ಣು ಉದುರುತ್ತಿತ್ತು. ಹಿತ್ತಲು ಎಂದರೆ ಬಚ್ಚಲ ಹಿಂದಿನ ಒಂದು ಓಣಿ. ಅಲ್ಲಿ ಹಾಕಿದರೆ ಮಂಗಗಳು. ಒಮ್ಮೆ ಅತ್ತೆಯ ಹಸಿರು ಸೀರೆಯನ್ನು ಒಂದು ಗಡವ ಎಳೆದುಕೊಂಡು ಹೋಗಿ ಪಕ್ಕದ ಮನೆಯ ಬೇವಿನ ಮರದ ತುದಿಯಲ್ಲಿ ಬಿಟ್ಟಿತು. ಗಾಳಿ ಬಂದಾಗಲೆಲ್ಲ ಅದು ಬಾವುಟದ ಹಾಗೆ ಹಾರಾಡುತ್ತ ಎಷ್ಟೋ ದಿನ ಅಲ್ಲೇ ಇತ್ತು.

ಆ ವರ್ಷ ದಸರೆಯ ಆಚೀಚೆ ಮಳೆ ಹಿಡಿಯಿತು. ಎಲ್ಲೋ ಸಮುದ್ರದಲ್ಲಿ ಸೈಕ್ಲೋನ್ ಎದ್ದಿದೆ ಎಂದು ಟೀವಿಯಲ್ಲಿ ಹೇಳಿದರು. ನಮ್ಮ ಕಡೆ ಮಳೆ ಬಂದರೆ ಹೊಡೆದು ಹೋಗುವುದೇ ಹೆಚ್ಚು. ಇದು ಹಾಗಲ್ಲ, ಹಗಲೂ ಇರುಳೂ ಜಿಟಿಜಿಟಿ. ಬಾಗಿಲು, ಕುರ್ಚಿ, ಕಿಟಕಿ ಸರಳು, ಟ್ರಂಕು, ಎಲ್ಲೆಂದರಲ್ಲಿ ಬಟ್ಟೆ ಹರವಿದೆ. ಒಂದರ ಮೇಲೊಂದು ಬಿದ್ದು ಯಾವುದೂ ಒಣಗಲಿಲ್ಲ. ಅತ್ತೆ ಮಲಗುವ ಕೋಣೆಯಲ್ಲೇ ಹಗ್ಗ ಕಟ್ಟಿದ್ದರಿಂದ ಅಲ್ಲಿ ತಂಡಿ ತುಂಬಿ ಅವರಿಗೆ ಕೆಮ್ಮು ಶುರುವಾಯಿತು. ಒಂದು ಸಂಜೆ ಮಗ್ಗುಲು ಹೊರಳಿಸಿದಾಗ ಸೊಂಟದ ಎಲುಬಿನ ಮೇಲೆ ಚರ್ಮ ಕೆಂಪಾಗಿ ಸುಲಿದಿದ್ದು ಕಾಣಿಸಿತು. ಶಾಲೆಯಲ್ಲಿ ನಾನು ಹಾಕಬಹುದಾದ ರಜೆಗಳೆಲ್ಲ ಮುಗಿದಿದ್ದವು. ಅಲ್ಲೇ ನಿಂತು ಹೆಡ್ ಮಾಸ್ತರರಿಗೆ ಫೋನ್ ಮಾಡಿ, ಮುಂದಿನ ತಿಂಗಳಿಂದ ಬರಲಾಗುವುದಿಲ್ಲ, ಬೇರೆಯವರನ್ನು ನೋಡಿಕೊಳ್ಳಿ ಎಂದು ಹೇಳಿಬಿಟ್ಟೆ. ಫೋನಿಟ್ಟು ಬಚ್ಚಲಿಗೆ ಹೋಗಿ, ತುಂಬಿದ ಬಕೆಟ್ಟಿನ ಮುಂದೆ ಕುಳಿತೆ. ಕೈ ಎತ್ತಲಾಗಲಿಲ್ಲ. ಅಳು ಬಂತು. ಯಾರಿಗೂ ಕೇಳಿಸದ ಹಾಗೆ ನಲ್ಲಿ ಬಿಟ್ಟುಕೊಂಡು ಅತ್ತುಬಿಟ್ಟೆ.

ಬಾಗಿಲ ಹೊರಗೆ ಕೆಮ್ಮು ಕೇಳಿಸಿತು. ನಲ್ಲಿ ನಿಲ್ಲಿಸಿದೆ.

"ಯವ್ವಾ, ಏಳು."

ಭಾವನವರು. ಅಷ್ಟು ವರ್ಷಗಳಲ್ಲಿ ನನ್ನನ್ನು ಕರೆದು ಆಡಿದ ಮೊದಲ ಮಾತು. ನಾನು ಗಡಬಡಿಸಿ ಎದ್ದು ನಿಂತೆ.

"ಫೋನಿನ್ಯಾಗ ನೀ ಹೇಳಿದ್ದು ಕೇಳಿಸ್ತು. ನೌಕರಿ ಬಿಡ್ತೀನಿ ಅಂದಿಯಲ್ಲ?"

"ಮತ್ತೇನು ಮಾಡ್ಲಿರಿ, ಭಾವಾರ."

"ಬಿಡಬ್ಯಾಡ. ಬಕೀಟು ಈ ಕಡಿ ಸರಸು."

"ಬ್ಯಾಡ್ರಿ. ಅತ್ತಿ ಬಟ್ಟಿ ಅವು, ಹೊಲಸಾಗ್ಯಾವ. ನೀವು ಮುಟ್ಟಬ್ಯಾಡ್ರಿ. ಮಂದಿ ನೋಡಿದ್ರ ಏನಂದಾರು?"

"ಲಾರ್ಯಾಗ ಇದ್ದಾಗ ನನ್ನ ಬಟ್ಟಿ ಮಂದಿ ಬಂದು ಒಗದು ಕೊಡ್ತಿದ್ರನು?" ಅಂದರು. ತಾವೇ ಬಕೆಟ್ಟನ್ನು ಹೊರಗೆ ಎಳೆದುಕೊಂಡು, "ಮುಂಜಾನಿ ಆ ಮಾಸ್ತರ್ಗ ಮತ್ತ ಫೋನ್ ಮಾಡು. ಸಿಟ್ಟಿನ್ಯಾಗ ಅಂದಿದ್ದೆ ಅನ್ನು. ಈಗ ಹೋಗಿ ಅವ್ವಗ ಗಂಜಿ ಕಾಸು" ಅಂದರು.

ಮಾರನೆಯ ದಿನ ನಾನು ಶಾಲೆಗೆ ಹೋಗಿ ಬರುವಷ್ಟರಲ್ಲಿ ಪಡಸಾಲೆಯ ಗುರುತೇ ಸಿಗದಂತಾಗಿತ್ತು. ತಾಡಪಾಲಿನ ಆ ಹಗ್ಗ ತೊಲೆಯಿಂದ ತೊಲೆಗೆ, ತೊಲೆಯಿಂದ ಕಿಟಕಿಗೆ, ಕಿಟಕಿಯಿಂದ ಬಾಗಿಲ ಚೌಕಟ್ಟಿಗೆ ಬಿಗಿಯಾಗಿ ಓಡಿತ್ತು. ಲಾರಿಯ ಮಾಲಿಗೆ ಹಾಕುವ ಗಂಟು. ಒಂದು ತುದಿ ಎಳೆದರೆ ಪೂರ್ತಿ ಬಿಚ್ಚಿಕೊಳ್ಳುತ್ತಿತ್ತು. ತೊಟ್ಟಿಲು ಕಟ್ಟಲೆಂದು ಹಾಕಿದ್ದ ಹಳೆಯ ಕೊಂಡಿಯನ್ನೂ ಬಿಟ್ಟಿರಲಿಲ್ಲ. ಬಟ್ಟೆಗಳು ಒಂದಕ್ಕೊಂದು ತಾಗದಂತೆ ನಡುವೆ ಗೇಣು ಜಾಗ ಬಿಟ್ಟು ತೂಗುತ್ತಿದ್ದವು. ಅತ್ತೆಯ ಕೋಣೆಯಿಂದ ಹಗ್ಗ ತೆಗೆದಿದ್ದರು. ಅಲ್ಲಿ ಒಂದು ಕರ್ಚೀಫನ್ನೂ ಹಾಕಬಾರದು ಎಂಬುದು ಅವರ ಕಟ್ಟುನಿಟ್ಟು. ಅಡಿಗೆ ಮನೆಯ ಉಗಿ ಬರುತ್ತದೆಂದು ಆ ಬಾಗಿಲು ಮುಚ್ಚಿ, ರಸ್ತೆಯ ಕಡೆಯ ಕಿಟಕಿಗೆ ಹಳೆಯ ಪಂಚೆ ಕಟ್ಟಿ ಧೂಳು ತಡೆದು, ಹಿತ್ತಲ ಬಾಗಿಲು ತೆರೆದಿಟ್ಟು ಟೇಬಲ್ ಫ್ಯಾನು ಹಚ್ಚಿದ್ದರು. "ಬಿಸಿಲು ಇಲ್ಲ ಅಂತ ಅಳಬ್ಯಾಡ, ಗಾಳಿ ಆಡ್ಲಿ ಸಾಕು" ಅನ್ನುವುದು ಆಮೇಲೆ ಅವರು ದಿನಕ್ಕೊಮ್ಮೆಯಾದರೂ ಹೇಳುವ ಮಾತಾಯಿತು.

ಹಿಂಡುವುದರಲ್ಲೂ ಅವರದೊಂದು ರೀತಿ. ಕೈಗಳು ಸರಿಯಾಗಿ ಹಿಡಿಯುತ್ತಿರಲಿಲ್ಲವಾದ್ದರಿಂದ ಬಟ್ಟೆಯನ್ನು ಕಿಟಕಿ ಸರಳಿಗೆ ಸುತ್ತಿ ತಿರುಚುತ್ತಿದ್ದರು. ಆಮೇಲೆ ಒಣಗಿದ ಟವೆಲ್ಲಿನಲ್ಲಿ ಸುರುಳಿ ಸುತ್ತಿ, ನೆಲದ ಮೇಲಿಟ್ಟು, ಗೋಡೆ ಹಿಡಿದುಕೊಂಡು ಮೇಲೆ ನಿಂತು ಮೆಲ್ಲಗೆ ತುಳಿಯುತ್ತಿದ್ದರು. ಸೊಂಟ ನೋವಿನ ಮನುಷ್ಯ ಒಂದೊಂದೇ ಹೆಜ್ಜೆ ಎತ್ತಿಡುವುದನ್ನು ನೋಡಿದರೆ ನನಗೆ ಸಂಕಟವಾಗುತ್ತಿತ್ತು. ಎಲ್ಲವೂ ಅವರು ಎಣಿಸಿದಂತೆ ನಡೆಯಿತು ಎಂದೇನಲ್ಲ. ಒಂದು ದಿನ ಬೇಗ ಒಣಗಲಿ ಎಂದು ಗ್ಯಾಸ್ ಒಲೆಯ ಮೇಲೆ ತಂತಿ ಕಟ್ಟಿ ನನ್ನ ಗಂಡನ ಬನಿಯನ್ನು ತೂಗುಹಾಕಿದರು. ಅದು ಜಾರಿ ಬರ್ನರಿನ ಮೇಲೆ ಬಿದ್ದು ಭಗ್ಗನೆ ಹತ್ತಿಕೊಂಡಿತು. ಚಿಮಟದಿಂದ ಅದನ್ನು ಹಿಡಿದುಕೊಂಡು ಅಂಗಳಕ್ಕೆ ಓಡುತ್ತಿದ್ದ ಮಗನನ್ನು ಮಲಗಿದ್ದಲ್ಲಿಂದಲೇ ನೋಡಿ ಅತ್ತೆ ನಕ್ಕರು. ಸೊಟ್ಟಗಾದ ಬಾಯಿಂದ ಬಂದ ಆ ನಗು ಲಕ್ವ ಹೊಡೆದ ಮೇಲೆ ನಾವು ಕೇಳಿದ ಮೊದಲನೆಯದು. ಭಾವನವರು ಸುಟ್ಟ ಬನಿಯನ್ನು ಹಿಡಿದುಕೊಂಡೇ ವಾಪಸ್ಸು ಬಂದು, "ಇನ್ನೊಂದು ಸುಡ್ಲೇನಬೇ?" ಎಂದು ಕೇಳಿದರು.

ಅವರ ಲಾರಿ ಕಾಲದ ಗೆಳೆಯರೊಬ್ಬರಿದ್ದರು. ಬಸ್‌ಸ್ಟ್ಯಾಂಡಿನ ಹಿಂದೆ ಗ್ಯಾರೇಜು ಇಟ್ಟುಕೊಂಡಿದ್ದ ಮೆಕ್ಯಾನಿಕ್ ಸಾಹೇಬರು. ಪ್ರತಿ ಶುಕ್ರವಾರ ನಮಾಜು ಮುಗಿಸಿ ನಮ್ಮ ಮನೆಗೆ ಬಂದು ಚಹಾ ಕುಡಿದು ಹೋಗುವ ರೂಢಿ. ಮೊದಲ ಸಲ ಆ ಹಗ್ಗಗಳನ್ನು ನೋಡಿದಾಗ ಬಾಗಿಲಲ್ಲೇ ನಿಂತು, "ಏನಪಾ ಇದು? ಮನೀನ ಧೋಬಿಘಾಟ್ ಮಾಡೀಯಲ್ಲೋ!" ಅಂದರು.

"ಒಳಗ ಬಾ ಲೇ. ತಲಿ ಬಗ್ಗಿಸಿ ಬಾ," ಅಂದರು ಭಾವನವರು.

ಸಾಹೇಬರು ಬಗ್ಗಿ ಬಂದು, ತಲೆಯ ಮೇಲೆ ತೂಗುತ್ತಿದ್ದ ಚಾದರಗಳ ಕೆಳಗೆ ಕುಳಿತು ಚಹಾ ಕುಡಿದರು. ಅತ್ತೆಯ ಕೋಣೆಯ ಕಡೆ ಒಮ್ಮೆ ನೋಡಿದರು. ಮತ್ತೆ ತಮಾಷೆ ಮಾಡಲಿಲ್ಲ. ಮುಂದಿನ ಶುಕ್ರವಾರ ಬರುವಾಗ ಗ್ಯಾರೇಜಿನ ಹಳೆಯ ಎಗ್ಸಾಸ್ಟ್ ಫ್ಯಾನೊಂದನ್ನು ಹೆಗಲ ಮೇಲೆ ಹೊತ್ತು ತಂದರು. ಹಿತ್ತಲ ಕಡೆಯ ಗೋಡೆಯ ಮೇಲಿದ್ದ ಬೆಳಕಿಂಡಿಗೆ ಅದನ್ನು ಕೂಡಿಸಿ, "ಹಸಿ ಗಾಳಿ ಹೊರಗ ಹೋಗ್ಬೇಕು ಭಾಯ್. ಒಳಗ ಸುತ್ತಿದ್ರ ಏನು ಬಂತು?" ಅಂದರು. ಅದರ ಸದ್ದು ಲಾರಿ ಘಟ್ಟ ಹತ್ತುವಂತಿತ್ತು. ಆದರೆ ಅಂದಿನಿಂದ ಬೆಳಿಗ್ಗೆ ಹಾಕಿದ ತೆಳು ಬಟ್ಟೆ ಮಧ್ಯಾಹ್ನಕ್ಕೆ ಒಣಗತೊಡಗಿತು. ಅತ್ತೆಯ ಸೊಂಟದ ಕೆಂಪು ಮೆಲ್ಲಗೆ ಕಪ್ಪಾಗಿ ಮಾಯಿತು.

ಹುಣ್ಣು ಮಾಯುತ್ತಿದ್ದಂತೆ ಇನ್ನೊಂದು ತೊಂದರೆ ಎದುರಾಯಿತು. ಅತ್ತೆ ನೀರು ಕುಡಿಯುವುದನ್ನು ಬಿಟ್ಟರು. ಲೋಟ ತುಟಿಗೆ ಹಿಡಿದರೆ ಮುಖ ತಿರುಗಿಸುತ್ತಿದ್ದರು. ಗಂಜಿಯನ್ನೂ ಎರಡು ಚಮಚಕ್ಕೆ ಸಾಕು ಎಂದು ಕೈಯಾಡಿಸುತ್ತಿದ್ದರು. ಮೊದಮೊದಲು ಹಸಿವಿಲ್ಲವೇನೋ ಅಂದುಕೊಂಡೆವು. ನಾಲಿಗೆ ಒಣಗಿ, ಕಣ್ಣು ಒಳಗೆ ಸೇದಿಕೊಂಡು, ಒಂದು ದಿನ ಕರೆದರೆ ಓಗೊಡದಂತಾದಾಗ ದವಾಖಾನೆಗೆ ಒಯ್ದು ಸಲೈನ್ ಬಾಟಲಿ ಹಾಕಿಸಿದೆವು. ವಾಪಸ್ಸು ಬಂದ ಮೇಲೂ ಅದೇ ಹಟ. ಕಾರಣ ನನಗೆ ಹೊಳೆದದ್ದು ಬಟ್ಟೆ ಬದಲಿಸುವಾಗ. ಬಟ್ಟೆ ಒಣಗಿಯೇ ಇದ್ದರೆ ಅತ್ತೆಯ ಮುಖದಲ್ಲಿ ಒಂದು ಸಮಾಧಾನ. ಹಸಿಯಾಗಿದ್ದು, ಅದನ್ನು ಒಯ್ಯಲು ಭಾವನವರು ಬಾಗಿಲಿಗೆ ಬಂದು ಕೆಮ್ಮಿದರೆ, ಕಣ್ಣು ಬಿಗಿಯಾಗಿ ಮುಚ್ಚಿಕೊಳ್ಳುತ್ತಿದ್ದರು. ಕುಡಿಯದಿದ್ದರೆ ಬಟ್ಟೆ ಹಸಿಯಾಗುವುದಿಲ್ಲ, ಬಟ್ಟೆ ಹಸಿಯಾಗದಿದ್ದರೆ ಮಗ ಒಗೆಯಬೇಕಾಗುವುದಿಲ್ಲ.

ನಾನು ಇದನ್ನು ಭಾವನವರಿಗೆ ಹೇಳಿದೆ. ಅಷ್ಟೊತ್ತಿಗೆ ನೇರ ಮಾತಾಡುವುದು ರೂಢಿಯಾಗುತ್ತಿತ್ತು. ಅವರು ಮಧ್ಯಾಹ್ನದ ತಮ್ಮ ಊಟದ ತಟ್ಟೆಯನ್ನು ತೆಗೆದುಕೊಂಡು ಹೋಗಿ ತಾಯಿಯ ಮಂಚದ ಪಕ್ಕ ನೆಲದ ಮೇಲೆ ಕುಳಿತರು. ಪಕ್ಕದಲ್ಲಿ ಒಂದು ಲೋಟ ನೀರು. ರೊಟ್ಟಿ ಮುರಿಯಲಿಲ್ಲ. ಸಕ್ಕರೆ ಕಾಯಿಲೆಯವರು ಹೊತ್ತಿಗೆ ಸರಿಯಾಗಿ ಉಣ್ಣದಿದ್ದರೆ ಕೈಕಾಲು ನಡುಗುತ್ತವೆ. ಅತ್ತೆಗೆ ಅದು ಗೊತ್ತು. ತಾಯಿ ಮಗನನ್ನು ನೋಡಿದರು, ಮಗ ತಟ್ಟೆಯನ್ನು ನೋಡುತ್ತ ಕುಳಿತರು. ನಾನು ಬಾಗಿಲ ಹೊರಗೆ ನಿಂತಿದ್ದೆ. ರೊಟ್ಟಿ ಒಣಗಿ ಅಂಚು ಮೇಲೆದ್ದಿತು. ಸಂಜೆಯ ದೀಪ ಹಚ್ಚುವ ಹೊತ್ತಾಯಿತು.

"ಉಣ್ಣೋ," ಅಂದರು ಅತ್ತೆ, ತೊದಲುತ್ತ.

"ನೀ ಕುಡಿ."

"ನಿನ್ನ ಕೈಲೆ... ನನ್ನ..." ಅತ್ತೆಯ ಕಣ್ಣಲ್ಲಿ ನೀರು ಬಂತು.

ಭಾವನವರ ಕೈ ಆಗಲೇ ನಡುಗುತ್ತಿತ್ತು. "ಯವ್ವಾ," ಅಂದರು, "ಲಾರಿ ಹೋತು. ಕೈ ಹೋದವು. ಮುಂಜಾನಿ ಎದ್ರ ನನಗ ಇದೊಂದು ಬಿಟ್ರ ಬ್ಯಾರೆ ಕೆಲಸ ಇಲ್ಲಬೇ. ಇದನ್ನೂ ಕಸಗೋಬ್ಯಾಡ."

ಅತ್ತೆ ಬಹಳ ಹೊತ್ತು ಮಗನ ಮುಖ ನೋಡಿದರು. ಆಮೇಲೆ ಎಡಗೈ ಚಾಚಿ ಲೋಟದ ಕಡೆ ಬೆರಳು ತೋರಿಸಿದರು. ಮಗ ಎತ್ತಿ ಕುಡಿಸಿದರು. ಅರ್ಧ ಒಳಗೆ ಹೋಯಿತು, ಅರ್ಧ ಕುತ್ತಿಗೆಯ ಮೇಲೆ ಚೆಲ್ಲಿತು. "ಚೆಲ್ಲಲಿ ಬಿಡು, ಒಣಗಸ್ತೀನಿ," ಅಂದು ಭಾವನವರು ಒಣರೊಟ್ಟಿಗೆ ಕೈ ಹಾಕಿದರು.

ಆ ಮೇಲೆ ನಮ್ಮ ಮನೆಯಲ್ಲಿ ಒಂದು ಕ್ರಮ ಬಿತ್ತು. ಬೆಳಿಗ್ಗೆ ನಾನು ಒಗೆಯುವುದು, ಹಿಂಡಿ ಒಣಗಿಸುವುದು ಅವರು. ನಾನು ಶಾಲೆಗೆ ಹೋದ ಮೇಲೆ ಹಸಿಯಾದ ಬಟ್ಟೆಗಳನ್ನು ಅವರೇ ಒಗೆಯುತ್ತಿದ್ದರು. ಸಂಜೆ ಇಬ್ಬರೂ ಸೇರಿ ಮಡಿಚುತ್ತಿದ್ದೆವು. ಸೀರೆಯನ್ನು ಒಬ್ಬರೇ ಮಡಿಚಲಾಗುವುದಿಲ್ಲ. ಒಂದು ತುದಿ ಅವರ ಕೈಯಲ್ಲಿ, ಇನ್ನೊಂದು ನನ್ನ ಕೈಯಲ್ಲಿ. ಮಡಿಕೆ ಕೂಡಿಸಲು ಹತ್ತಿರ ಬರಬೇಕಾದಾಗ ಅವರು ತಮ್ಮ ತುದಿಯನ್ನು ನಡುವಿನ ಕುರ್ಚಿಯ ಮೇಲಿಟ್ಟು ಎರಡು ಹೆಜ್ಜೆ ಹಿಂದೆ ಸರಿಯುತ್ತಿದ್ದರು. ನಾನು ಬಂದು ಅದನ್ನು ಎತ್ತಿಕೊಳ್ಳುತ್ತಿದ್ದೆ. ಭಾವನ ಮರ್ಯಾದೆಯನ್ನು ಅವರು ಹಾಗೆ ಉಳಿಸಿಕೊಂಡರು. ಆ ಹೊತ್ತಿನಲ್ಲಿ ಸಣ್ಣಪುಟ್ಟ ಮಾತು. ಶಾಲೆಯಲ್ಲಿ ಏನು ಹೇಳಿಕೊಟ್ಟೆ ಎಂದು ಕೇಳುತ್ತಿದ್ದರು. ಸಮೀಕರಣ ಎಂದರೆ, "ಹಂಗಂದ್ರ?" ಎಂದು ಕೇಳಿ, ಪೂರ್ತಿ ಕೇಳಿಸಿಕೊಂಡು, "ನನಗ ತಿಳೀಲಿಲ್ಲ ಬಿಡು" ಎನ್ನುತ್ತಿದ್ದರು. ಮತ್ತೆ ಮರುದಿನ ಕೇಳುತ್ತಿದ್ದರು.

ಹರಪನಹಳ್ಳಿಯಿಂದ ಅತ್ತೆಯ ತಂಗಿ ನೋಡಲು ಬಂದಾಗ ತಲೆಗೆ ಒದ್ದೆ ಚಾದರ ತಾಗಿಸಿಕೊಂಡು ಸಿಡಿಮಿಡಿಯಾದರು. "ಇದೇನೋ ಇದು? ಗಂಡಸಾಗಿ ಹೆಂಗಸರ ಬಟ್ಟೆ ಹಿಂಡ್ತೀಯಲ್ಲ, ಮನೆಗೆ ಸೊಸೆ ಇಲ್ವೇನು?" ಎಂದರು. ಒಳಗಿದ್ದ ನನ್ನ ಮುಖ ಬಿಸಿಯಾಯಿತು. ಭಾವನವರು ಕೈಯಲ್ಲಿದ್ದ ದುಪ್ಪಡಿಯ ಒಂದು ತುದಿಯನ್ನು ಆಕೆಯ ಕೈಗೆ ಕೊಟ್ಟು, "ಬಂದದ್ದು ಚಲೋ ಆತು ಚಿಗವ್ವಾ. ಗಟ್ಟಿ ಹಿಡಕೋ, ಹಿಂಡೋಣು" ಅಂದರು. ಆಕೆ ಬೈಯುತ್ತಲೇ ಹಿಂಡಿದರು. ಹೊರಡುವಾಗ ಅಕ್ಕನ ಹಾಸಿಗೆಯ ಮೇಲೆ ಕೈಯಾಡಿಸಿ ನೋಡಿ, ನನ್ನ ಕಡೆ ತಿರುಗಿ ನನ್ನ ಭುಜ ಒತ್ತಿ ಹೋದರು.

ಇದೆಲ್ಲ ಹೇಳುವಾಗ ಸಲೀಸಾಗಿ ಕಾಣುತ್ತದೆ. ಆದರೆ ಆ ವರ್ಷಗಳ ನೆನಪೆಂದರೆ ನನಗೆ ಮೊದಲು ಬರುವುದು ಆಯಾಸ. ಹಸಿ ಬಟ್ಟೆಯ ವಾಸನೆ ತಲೆಗೂದಲಿಗೂ ಹತ್ತಿತ್ತು. ಬಸ್ಸಿನಲ್ಲಿ ಕಂಬಿ ಹಿಡಿದು ನಿಂತೇ ನಿದ್ದೆ ಮಾಡುತ್ತಿದ್ದೆ. ನನ್ನ ಗಂಡ ಪಾಳಿ ಮುಗಿಸಿ ಬಂದು ತಾಯಿಯನ್ನು ಮಗ್ಗುಲು ಹೊರಳಿಸಿ, ಊಟ ಮಾಡಿ, ಮಾತಿಲ್ಲದೆ ಮಲಗುತ್ತಿದ್ದರು. ಭಾವನವರೂ ದಣಿದಿದ್ದರು. ಒಮ್ಮೆ ಬೇಸಿಗೆಯಲ್ಲಿ ಕರೆಂಟು ಹೋಗಿ, ನೀರೂ ಬರದೆ, ಬಟ್ಟೆಯ ರಾಶಿ ಬಚ್ಚಲಿಂದ ಹೊರಗೆ ಬಂದಿದ್ದ ಒಂದು ಬೆಳಿಗ್ಗೆ ಅವರು ಹೊಸ್ತಿಲ ಮೇಲೆ ಕುಳಿತುಬಿಟ್ಟರು. "ಸಾಕಾಗೇತಿ, ಯವ್ವಾ," ಅಂದರು. ಅಷ್ಟೆ.  ಇವರೂ ಕೈಬಿಟ್ಟರೆ ಎಂದು ಅಂಜಿದೆ. ಆ ದಿನ ಶಾಲೆಗೆ ಹೋಗಲಿಲ್ಲ. ಅವರು ಕೋಣೆಗೆ ಹೋಗಿ ಗೋಡೆಯ ಕಡೆ ಮುಖ ಮಾಡಿ ಮಲಗಿದರು. ಮಧ್ಯಾಹ್ನ ಇಳಿದ ಮೇಲೆ ಎದ್ದು ಬಂದು, ಮುಖ ತೊಳೆದುಕೊಂಡು, ಏನೂ ಆಗಿಲ್ಲವೆಂಬಂತೆ ಹಗ್ಗ ಬಿಗಿಮಾಡತೊಡಗಿದರು. ನಾನೂ ಕೇಳಲಿಲ್ಲ. ಇಬ್ಬರಿಗೂ ಕೇಳಿ ಹೇಳುವಷ್ಟು ತ್ರಾಣ ಇರಲಿಲ್ಲ.

ಮೂರನೆಯ ಮಳೆಗಾಲ ಕಳೆದು ಚಳಿ ಬಿದ್ದಾಗ ಅತ್ತೆ ಹೋದರು. ಬೆಳಗಿನ ಗಂಜಿ ಕುಡಿದು, ಮಗನ ಕೈಯಿಂದ ನೀರು ಕುಡಿದು, ಮಲಗಿದವರು ಏಳಲಿಲ್ಲ. ಮೈ ತೊಳೆಯಲು ಬಂದ ಓಣಿಯ ಹೆಂಗಸರು ಬೆನ್ನು ನೋಡಿ ಬೆರಗಾದರು. ಅಷ್ಟು ವರ್ಷ ಮಲಗಿದ್ದ ಮೈಯಲ್ಲಿ ಒಂದು ಹುಣ್ಣಿರಲಿಲ್ಲ. "ಪುಣ್ಯಾತಗಿತ್ತಿ, ಸೊಸೀ ಕೈಯಾಗ ಚಂದ ಹೋದಳು," ಎಂದು ಒಬ್ಬರು ನನ್ನನ್ನು ಹೊಗಳಿದರು. ಭಾವನವರು ಅಂಗಳದಲ್ಲಿ ಗಂಡಸರ ನಡುವೆ ಕುಳಿತಿದ್ದರು. ಆ ಮಾತು ಅವರಿಗೂ ಕೇಳಿಸಿರಬೇಕು. ನಾನು ಎಲ್ಲರ ಮುಂದೆ ಗಟ್ಟಿಯಾಗಿಯೇ ಹೇಳಿದೆ: "ನನ್ನ ಕೈಯಾಗಲ್ರಿ. ಮಗನ ಕೈಯಾಗ." ಅವರು ತಲೆ ತಗ್ಗಿಸಿ ನೆಲ ಕೆರೆಯುತ್ತ ಕುಳಿತರು.

ತಾಯಿ ಹೋದ ಮೇಲೆ ಭಾವನವರು ಹಗಲೂ ಮಲಗತೊಡಗಿದರು. ಪಡಸಾಲೆಯ ಹಗ್ಗಗಳನ್ನು ತಾವೇ ಬಿಚ್ಚಿ ಸುರುಳಿ ಮಾಡಿ ಸಾಹೇಬರ ಗ್ಯಾರೇಜಿಗೆ ಕೊಟ್ಟುಬಿಟ್ಟರು. ಒಮ್ಮೊಮ್ಮೆ ನಡುಮಧ್ಯಾಹ್ನ ಎದ್ದು ಬಂದು ಖಾಲಿ ಪಡಸಾಲೆಯಲ್ಲಿ ನಿಂತು, ಏನಕ್ಕೆ ಬಂದೆ ಎಂಬುದನ್ನು ಮರೆತವರಂತೆ ನೋಡಿ ಹಿಂದಿರುಗುತ್ತಿದ್ದರು. ಉಸಿರಾಟದ ತೊಂದರೆ ಮೊದಲಿಂದಲೂ ಸ್ವಲ್ಪ ಇತ್ತು. ಅದಿರಿನ ಧೂಳಿನ ವರ್ಷಗಳು ಎದೆಯಲ್ಲಿ ಕೂತಿವೆ ಎಂದು ಡಾಕ್ಟರು ಹೇಳಿದರು. ನಾಲ್ಕು ಹೆಜ್ಜೆ ನಡೆದರೆ ಏದುಸಿರು. ಕೊನೆಗೆ ಬಳ್ಳಾರಿಯ ಆಸ್ಪತ್ರೆಗೆ ಸೇರಿಸಿದೆವು.

ಒಂದು ದಿನ ಬೆಳಿಗ್ಗೆ ನಾನು ಅಲ್ಲಿ ಮಂಚದ ಪಕ್ಕ ಸ್ಟೂಲಿನ ಮೇಲೆ ಕುಳಿತಿದ್ದೆ. ಅವರು ಆಮ್ಲಜನಕದ ಮುಖವಾಡ ಸರಿಸಿ ಕೇಳಿದರು. "ಇವತ್ತು ಸಾಲಿಗೆ ಹೋಗಲಿಲ್ಲೇನು?"

"ರಜಾ ಹಾಕೀನ್ರಿ."

"ಯಾಕ? ಮೈಯಾಗ ಆರಾಮಿಲ್ಲೇನು?"

"ನಂಗೇನೂ ಆಗಿಲ್ರಿ. ನಿಮ್ಮ ಸಲುವಾಗಿ ಹಾಕೀನಿ."

ಅವರು ಮಾತು ನಿಲ್ಲಿಸಿ ಉಸಿರು ತೆಗೆದುಕೊಂಡರು. ಮುಖವಾಡ ಹಾಕಿಕೊಂಡರು, ಮತ್ತೆ ಸರಿಸಿದರು. "ಅವ್ವನ ಸಲುವಾಗಿ ಹಾಕಿದಿ, ಈಗ ನನ್ನ ಸಲುವಾಗಿ ಹಾಕೀದಿ. ನಿನ್ನ ಸಲುವಾಗಿ ಒಂದಿನನೂ ಹಾಕಿದ್ದು ನಾ ನೋಡ್ಲಿಲ್ಲ, ಯವ್ವಾ. ಒಂದಿನ ಹಾಕು. ಹಾಕಿ ಮಕ್ಕೋ."

ನಾನು ನಕ್ಕು, ಆಗಲಿ ಎಂದೆ. ಅವರು ನಗಲಿಲ್ಲ. "ಖರೇ ಹೇಳಾಕತ್ತೀನಿ," ಅಂದರು. ಆ ವಾರ ಕಳೆಯುವುದರೊಳಗೆ ತೀರಿಕೊಂಡರು. ಹೆಣವನ್ನು ಸಾಹೇಬರೇ ತಮ್ಮ ಗಾಡಿಯಲ್ಲಿ ಕೂಡ್ಲಿಗಿಗೆ ತಂದರು. ದಾರಿಯುದ್ದಕ್ಕೂ ಗಾಡಿಯನ್ನು ಬಹಳ ನಿಧಾನವಾಗಿ ಓಡಿಸಿದರು ಎಂದು ಜೊತೆಗಿದ್ದ ನನ್ನ ಗಂಡ ಆಮೇಲೆ ಹೇಳಿದರು.

ಮಣ್ಣಾಯಿತು. ಬಂದ ನೆಂಟರು ಉಂಡು ಹೋದರು. ನಾನು ಶಾಲೆಗೆ ಹೋಗಬೇಕಾದ ದಿನ ಬಂತು. ಸ್ನಾನ ಮಾಡಿ, ಸೀರೆ ಉಟ್ಟು, ಬ್ಯಾಗು ಹೆಗಲಿಗೆ ಹಾಕಿಕೊಂಡು ಬಾಗಿಲ ತನಕ ಬಂದೆ. ಅಲ್ಲಿಂದಲೇ ಹೆಡ್ ಮಾಸ್ತರರಿಗೆ ಫೋನ್ ಮಾಡಿದೆ. ಇನ್ನೊಂದು ದಿನ ರಜೆ ಬೇಕು ಎಂದೆ. ಮನೆಯಲ್ಲಿ ಮತ್ತೇನು ಕಾರ್ಯ ಇದೆ ಎಂದು ಅವರು ಕೇಳಿದರು. ಕಾರ್ಯ ಏನೂ ಇಲ್ಲ ಸರ್, ನನಗೇ ಬೇಕು ಎಂದೆ.  ಆಗಲಮ್ಮ ಅಂದರು. ನನ್ನ ಗಂಡ ಪಾಳಿಗೆ ಹೋಗಿದ್ದರು. ಬಾಗಿಲ ಚಿಲಕ ಹಾಕಿ, ಉಟ್ಟ ಸೀರೆಯಲ್ಲೇ ಪಡಸಾಲೆಯ ಚಾಪೆಯ ಮೇಲೆ ಮಲಗಿದೆ. ಹೊರಗೆ ಲಾರಿಗಳು ಹೋಗುತ್ತಿದ್ದವು. ಎಷ್ಟೋ ವರ್ಷಗಳ ನಿದ್ದೆ ಒಮ್ಮೆಗೇ ಬಂತು. ಎಚ್ಚರವಾದಾಗ ಸಂಜೆಯಾಗಿತ್ತು. ಯಾರೂ ನನ್ನನ್ನು ಎಬ್ಬಿಸಿರಲಿಲ್ಲ.